ತಾಡಪತ್ರಿ ಕೇಳಿಸಿಕೊಂಡ ಮಾತು

ಆಡಿದ ಮಾತು ಆಮೇಲೆ ಎಲ್ಲಿಗೆ ಹೋಗುತ್ತದೆ ಎಂದು ಬೆನ್ನು ಹತ್ತಿ ನೋಡಿದವರಿಲ್ಲ. ಗುಡಿಯಲ್ಲಿ ಗಂಟೆ ಬಾರಿಸಿದವನು ಕೈಮುಗಿದು ಮನೆಗೆ ಹೋಗುತ್ತಾನೆ. ನಾದ ಸ್ವಲ್ಪ ಹೊತ್ತು ಕಂಬಗಳ ನಡುವೆ ಸುಳಿದಾಡುತ್ತದೆ, ಆಮೇಲೆ ಇಲ್ಲ. ಇಲ್ಲ ಅಂದರೆ ನಮ್ಮ ಕಿವಿಗೆ ಇಲ್ಲ. ಶಿವನ ಕಿವಿಗೆ ಇದ್ದರೂ ಇದ್ದೀತು. ಧಾರವಾಡದ ಗುಡ್ಡದ ಮೇಲಿನ ಪ್ರಯೋಗಾಲಯದವರು ಮಾಡಹೊರಟದ್ದು ಇಷ್ಟೇ. ಶಿವನ ಕಿವಿಯಲ್ಲಿರುವುದರ ಒಂದು ಚೂರನ್ನು ಮನುಷ್ಯರ ಕಿವಿಗೆ ತರುವುದು.

ಅವರ ಯಂತ್ರದ ಹೆಸರು ಮಾರ್ದನಿ. ನೋಡುವುದಕ್ಕೆ ಯಂತ್ರದ ಹಾಗೇನೂ ಇರಲಿಲ್ಲ. ಒಳಗೆ ತಣ್ಣನೆಯ ಕೋಣೆಯಲ್ಲಿ ಕಪಾಟಿನಂಥ ಪೆಟ್ಟಿಗೆಗಳು, ಹೊರಗೆ ಗೋಡೆಯಗಲ ಒಂದು ಪರದೆ, ಎರಡು ಸ್ಪೀಕರು. ಹಳೆಯ ಮೂಕ ಫಿಲ್ಮುಗಳಿಂದ ಸದ್ದು ಹೆಕ್ಕುವುದು ಅದರ ಕೆಲಸ. ಮನುಷ್ಯ ಮಾತಾಡಿದರೆ ಗಾಳಿ ನಡುಗುತ್ತದೆ. ಆ ಗಾಳಿ ತಾಗಿದ್ದೆಲ್ಲ ನಡುಗುತ್ತದೆ. ಸೀರೆಯ ಸೆರಗು, ಕೊಡದ ಬಾಯಿಯ ನೀರು, ಗಿಡದ ಎಲೆ, ಯಾವುದೂ ಬಿಟ್ಟಿಲ್ಲ. ಕಣ್ಣಿಗೆ ಕಾಣದ ಆ ನಡುಕ ಫಿಲ್ಮಿನ ಒಂದೊಂದು ಚಿತ್ರದಲ್ಲೂ ಕೂದಲೆಳೆಯಷ್ಟು ಮಸುಕಾಗಿ ಉಳಿದಿರುತ್ತದೆ. ಒಂದು ಎಲೆಯನ್ನು ಕೇಳಿದರೆ ಏನೂ ಹೇಳಲಾರದು. ಸಾವಿರ ಕಡೆಯ ಮಸುಕನ್ನು ಕೂಡಿಸಿದರೆ ಮಾತಿನ ಆಕಾರ ಎದ್ದು ಬರುತ್ತದೆ.

ಮಾತು ಬರುತ್ತದೆ, ಧಾಟಿ ಬರುವುದಿಲ್ಲ. ನಕ್ಕು ಅಂದರೋ, ಅತ್ತು ಅಂದರೋ, ಸಿಡುಕಿ ಅಂದರೋ, ಅದು ಫಿಲ್ಮಿಗೆ ಅಂಟುವಷ್ಟು ಗಟ್ಟಿಯಾದ ನಡುಕವಲ್ಲ. ರೈಲ್ವೆ ನಿಲ್ದಾಣದಲ್ಲಿ ಗಾಡಿ ಬರುವ ಹೊತ್ತು ಸಾರುವ ದನಿಯಂತೆ ಎಲ್ಲರ ಮಾತೂ ಒಂದೇ ಸಮ ಕೇಳಿಸುತ್ತಿತ್ತು.

ಸರಕಾರ ಇದಕ್ಕೊಂದು ಕಾಯಿದೆಯನ್ನೂ ಮಾಡಿತ್ತು. ಆ ಕಾಲದ ಬಡವರಿಗೆ ತಮ್ಮನ್ನು ಯಾಕೆ ಫಿಲ್ಮಿನಲ್ಲಿ ಹಿಡಿಯುತ್ತಿದ್ದಾರೆ ಎಂಬುದು ಗೊತ್ತಿರಲಿಲ್ಲ. ಯಾರೂ ಅವರನ್ನು ಕೇಳಿರಲಿಲ್ಲ. ಅವರ ಮುಖ ಹೇಗೂ ಊರ ಪಾಲಾಗಿದೆ, ಮಾತಾದರೂ ಮನೆಯವರಿಗಿರಲಿ ಎಂಬುದು ಕಾಯಿದೆಯ ಸಾರ. ರಕ್ತಸಂಬಂಧಿ ಯಾರಾದರೂ ಕ್ಯಾಮೆರಾದ ಮುಂದೆ ಕೂತು, ಇವರು ನನಗೆ ಇಂಥವರಾಗಬೇಕು ಎಂದು ಬಾಯಿಬಿಟ್ಟು ಹೇಳಬೇಕು. ಹೇಳಿದರೆ ಆ ದನಿಯ ಪ್ರತಿ ಅವರ ಕೈಗೆ. ಊರಿಗೆ ಕೇಳಿಸುವುದೋ ಬೇಡವೋ ಎಂಬುದೂ ಅವರ ಇಷ್ಟ. ಹೇಳುವವರಿಲ್ಲದಿದ್ದರೆ ದನಿಯನ್ನು ಮುಚ್ಚಿ ಮುದ್ರೆ ಹಾಕಿಬಿಡಬೇಕು. ಮತ್ತೆ ಯಾರೂ ಕೇಳುವ ಹಾಗಿಲ್ಲ.

ತಿಪ್ಪವ್ವನ ಕಥೆ ಈ ಕಾಯಿದೆಯ ಹೊಸ್ತಿಲಲ್ಲಿ ಎಡವಿತು.

ಹೊಳೆಗೆ ಅಣೆಕಟ್ಟು ಕಟ್ಟುವಾಗ ಕೂಲಿಯವರಿಗೆಂದು ಹಾಕಿದ ಕ್ಯಾಂಪು ಅಣೆಕಟ್ಟು ಮುಗಿದ ಮೇಲೂ ಏಳಲಿಲ್ಲ, ಊರಾಗಿ ನಿಂತಿತು. ತಿಪ್ಪವ್ವ ಅಲ್ಲಿಯೇ ಬೆಳೆದವಳು, ಅಲ್ಲಿಯೇ ಹಣ್ಣಾದವಳು. ಆಕೆಯ ತಾಯಿ ದುರುಗವ್ವ ಕಲ್ಲಿನ ಪುಟ್ಟಿ ಹೊರುತ್ತಿದ್ದಳಂತೆ, ವಾಂತಿಭೇದಿ ಬಂದು ಹೋದಳಂತೆ. ಕ್ಯಾಂಪಿನ ಕೂಸುಗಳಿಗೆಲ್ಲ ಗಂಜಿ ಕಾಯಿಸುತ್ತಿದ್ದ ಗುರುಬಸವ್ವ ಎಂಬ ಮುದುಕಿ ಕೂಸನ್ನು ಸಾಕಿದಳು. "ನಿಮ್ಮವ್ವ ದುರುಗವ್ವ" ಎಂದು ಹೇಳಿದವಳೂ ಅವಳೇ. ಅದಕ್ಕಿಂತ ಹೆಚ್ಚು ಕೇಳುವ ಬುದ್ಧಿ ತಿಪ್ಪವ್ವನಿಗೆ ಬರುವ ಹೊತ್ತಿಗೆ ಗುರುಬಸವ್ವನೂ ಇರಲಿಲ್ಲ. ತಾಯಿಯ ಮುಖ ಗೊತ್ತಿಲ್ಲ, ಊರು ಗೊತ್ತಿಲ್ಲ. ಆ ಹೆಸರೊಂದನ್ನು ಇಟ್ಟುಕೊಂಡು ತಿಪ್ಪವ್ವ ಪ್ರತಿವರ್ಷ ಹಿರಿಯರ ಹಬ್ಬದಲ್ಲಿ ಸೀರೆ ಕುಪ್ಪಸ ಏರಿಸಿ ಎಡೆ ಇಡುತ್ತ ಬಂದಳು.

ಅಣೆಕಟ್ಟಿನ ದಂಡೆಯಲ್ಲಿ ಮ್ಯೂಸಿಯಂ ತೆರೆಯುವವರಿದ್ದರು. ಆ ಕಾಲದ ಎಂಜಿನಿಯರ್ ಸಾಹೇಬನೊಬ್ಬ ತನ್ನ ಸ್ವಂತ ಕ್ಯಾಮೆರಾದಲ್ಲಿ ತೆಗೆದ ಫಿಲ್ಮು ಅವರಿಗೆ ಸಿಕ್ಕಿತ್ತು. ಇದರಲ್ಲಿ ನಿಮ್ಮ ಹಿರಿಯರು ಯಾರಾದರೂ ಇದ್ದಾರೆಯೇ ನೋಡಿ ಎಂದು ಕ್ಯಾಂಪಿನ ಸಮುದಾಯ ಭವನದಲ್ಲಿ ಅದನ್ನು ತೋರಿಸಿದರು. ತಿಪ್ಪವ್ವ ಸೊಸೆಯ ಜೊತೆ ಮುಂದಿನ ಸಾಲಿನಲ್ಲಿ ಕೂತಿದ್ದಳು. ಸೊಸೆ ರುದ್ರವ್ವ ಅಣೆಕಟ್ಟಿನ ಗೇಟಿನ ಬಳಿ ಮಂಡಾಳ ಒಗ್ಗರಣೆ, ಮಿರ್ಚಿ ಮಾರುವವಳು. ಅವಳಿಗೂ ತಲೆ ನೆರೆತಿತ್ತು, ಬಾಯಿ ಮಾತ್ರ ನೆರೆತಿರಲಿಲ್ಲ.

ಪರದೆಯ ಮೇಲೆ ಪುಟ್ಟಿ ಹೊತ್ತ ಹೆಂಗಸರ ಸಾಲು ಬಂತು. ಹಿಂದೆ ಕಾರಕೂನರ ನೆರಳಿಗೆಂದು ಬಿಗಿದು ಕಟ್ಟಿದ ದಪ್ಪ ಬಟ್ಟೆಯ ತಾಡಪತ್ರಿ. ಸಾಲಿನಲ್ಲಿ ಒಬ್ಬಳು ನಿಂತಳು. ತಲೆಯ ಮೇಲೆ ಪುಟ್ಟಿ, ಸೊಂಟದ ಮೇಲೆ ಕೂಸು. ಸೆರಗು ಕಣ್ಣಿನ ತನಕ ಇಳಿದಿತ್ತು. ಕ್ಯಾಮೆರಾದ ಕಡೆ ಏನೋ ಅಂದಳು, ಕೂಸಿನ ಮುಖದ ಮೇಲೆ ಸೆರಗು ಎಳೆದಳು, ಹೋದಳು.

"ಅತ್ತೀ! ಆ ಕೂಸಿನ ಕೈ ನೋಡ್ರಿ, ಕೈ!" ರುದ್ರವ್ವ ಕೂಗಿದಳು.

"ಎಲ್ಲೈತಬೇ ಕೈ? ನನಗ ಎಲ್ಲಾ ಹೊಗಿ ಕಂಡಂಗ ಕಾಣತೈತಿ."

"ಪಲ್ಯಾದಾಗ ಹರಳು ಇದ್ರ ಮೂರು ಮಾರು ದೂರದಿಂದ ಕಾಣತೈತಿ, ಇದು ಕಾಣೂದಿಲ್ಲ! ಏ ತಮ್ಮಾ, ಹಿಂದಕ ತಿರುಗ್ಸು. ಹಾಂ, ನಿಲ್ಲಿಸು. ಎಣಸ್ರಿ ಈಗ."

ಹೆಂಗಸಿನ ಹೆಗಲ ಮೇಲೆ ಕೂಸಿನ ಎಡಗೈ ಬಿಚ್ಚಿಕೊಂಡಿತ್ತು. ಕಿರುಬೆರಳಿನ ಪಕ್ಕ ಇನ್ನೊಂದು ಬೆರಳು. ತಿಪ್ಪವ್ವ ತನ್ನ ಎಡಗೈಯನ್ನು ಮಡಿಲಲ್ಲಿ ಬಿಚ್ಚಿ ನೋಡಿಕೊಂಡಳು, ಮತ್ತೆ ಪರದೆ ನೋಡಿದಳು. ಆರು ಬೆರಳಿನ ಕೂಸು ಆ ಕ್ಯಾಂಪಿನಲ್ಲಿ ಇನ್ನೊಂದಿರಲಿಲ್ಲ. ಭವನದಲ್ಲಿದ್ದವರೆಲ್ಲ ಎದ್ದು ನಿಂತರು. "ತಿಪ್ಪವ್ವನ ತಾಯಿ ಸಿಕ್ಕಳು" ಎಂದು ಯಾರೋ ಅಂದರು. ತಿಪ್ಪವ್ವ ಕುರ್ಚಿಯಿಂದ ಇಳಿದು ಪರದೆಗೆ ಸಾಷ್ಟಾಂಗ ಬಿದ್ದಳು. ಎಬ್ಬಿಸುವುದಕ್ಕೆ ಇಬ್ಬರು ಬೇಕಾಯಿತು.

ಆಮೇಲೆ ಅವಳು ಕೇಳಿದ್ದು ಒಂದೇ ಮಾತು. "ಆಕಿ ಏನಂದ್ಲು?"

ಅದಕ್ಕೇ ಫಿಲ್ಮು ಧಾರವಾಡಕ್ಕೆ ಹೋಯಿತು. ಅದು ಮಾರ್ದನಿಗೆಂದೇ ಹೇಳಿ ಮಾಡಿಸಿದಂತಿತ್ತು. ಬಿಗಿದು ಕಟ್ಟಿದ ತಾಡಪತ್ರಿ ಎಂದರೆ ಡೋಲಿನ ಚರ್ಮ ಇದ್ದ ಹಾಗೆ. ಅಕ್ಕಪಕ್ಕದ ಸದ್ದೆಲ್ಲ ಅದರ ಮೇಲೆ ಬಿದ್ದಿತ್ತು. ಯಂತ್ರವನ್ನು ನೋಡಿಕೊಳ್ಳುತ್ತಿದ್ದ ಎಂಜಿನಿಯರ್ ಫಕೀರೇಶ ಹೊಂಬಳ ಕೆಲಸ ಮುಗಿಸಿ ಅತ್ತೆ ಸೊಸೆಯನ್ನು ಕರೆಸಿದ. ಕೇಂದ್ರದ ಮುಖ್ಯಸ್ಥೆ ಡಾಕ್ಟರ್ ಸುಲೋಚನಾ ಮೈಸೂರಿನ ಕಡೆಯವರು. ಅವರು ತಾವೇ ಬಾಗಿಲ ತನಕ ಬಂದು ಮುದುಕಿಯ ಕೈಹಿಡಿದು ಒಳಗೆ ಕರೆದುಕೊಂಡರು. ತಾವೂ ಈ ದನಿಯನ್ನು ಇನ್ನೂ ಕೇಳಿಲ್ಲ, ಮೊದಲು ಮನೆಯವರೇ ಕೇಳಬೇಕೆಂಬುದು ತಮ್ಮಲ್ಲಿನ ರೂಢಿ ಎಂದರು. ಫಕೀರೇಶ ಕೆಲಸ ಮಾಡುವಾಗ ಕಂಡದ್ದು ಬರೀ ಗೆರೆಗಳು.

ಮೊದಲು ಸುತ್ತಿಗೆಯ ಸದ್ದು ಬಂತು. ಕಲ್ಲು, ಕಲ್ಲು, ಕಲ್ಲು. ತಿಪ್ಪವ್ವ ತಲೆದೂಗಿದಳು; ಆ ಸದ್ದು ಅವಳಿಗೆ ಜೋಗುಳಕ್ಕಿಂತ ಹಳೆಯದು. ಆಮೇಲೆ ಒಬ್ಬ ಗಂಡಸು, ಸಾಹೇಬನ ಕಾರಕೂನ ಇದ್ದಿರಬೇಕು:

"ಸಾಹೇಬ್ರು ಕೇಳಾಕತ್ತಾರ. ಕೂಸು ಯಾರದಬೇ?"

ಹೆಂಗಸಿನ ಮಾತು ಬಂತು. ಏರಿಲ್ಲ, ಇಳಿವಿಲ್ಲ.

"ನಂದಲ್ರಿ. ತಿಪ್ಪಿ ಮ್ಯಾಲ ಸಿಕ್ಕೈತಿ. ಯಾರದೋ ಏನೋ."

ಮತ್ತೆ ಸುತ್ತಿಗೆ. ಮುಗಿಯಿತು.

ಕೇಳಿಸಿದ್ದು ತಪ್ಪೇನೋ ಎಂಬಂತೆ ರುದ್ರವ್ವ ಕಿವಿಗೆ ಬೆರಳು ಹಾಕಿ ಅಲ್ಲಾಡಿಸಿದಳು.

"ಇನ್ನೊಮ್ಮೆ ಹಾಕ ತಮ್ಮಾ" ಎಂದಳು ತಿಪ್ಪವ್ವ.

ಹಾಕಿದ. ಅದೇ ಬಂತು.

"ಆಕಿಗೆ ನನ್ನ ಹೆಸರು ಗೊತ್ತಿತ್ತಲ್ಲ. ಹೆಸರರ ಹೇಳಬಾರದಿತ್ತೇನು?" ಎಂದು ತಿಪ್ಪವ್ವ ತನಗೆ ತಾನೇ ಹೇಳಿಕೊಂಡು ಎದ್ದಳು. ಏಳುವಾಗ ಯಾವ ಕಡೆ ಬಾಗಿಲು ಎಂಬುದು ಅವಳಿಗೆ ತಿಳಿಯಲಿಲ್ಲ.

ಆ ಸೀಮೆಯಲ್ಲಿ ಒಂದು ನಡೆವಳಿಕೆ ಇತ್ತು. ಹುಟ್ಟಿದ ಕೂಸುಗಳು ಒಂದರ ಹಿಂದೆ ಒಂದು ಹೋಗಿಬಿಟ್ಟರೆ, ಮುಂದೆ ಹುಟ್ಟಿದ್ದನ್ನು ತಾಯಿ ಒಯ್ದು ತಿಪ್ಪೆಯ ಮೇಲೆ ಇಡುತ್ತಿದ್ದಳು. ನೆರೆಯವಳು ಯಾರಾದರೂ ಎತ್ತಿಕೊಳ್ಳುವಳು. ತಾಯಿ ಅವಳಿಗೆ ಮೊರದ ತುಂಬ ತೌಡು ಕೊಟ್ಟು ಕೂಸನ್ನು ಕೊಂಡು ತರುವಳು. ಅಲ್ಲಿಂದ ಮುಂದೆ ಹೊರಗಿನವರು ಯಾರು ಕೇಳಿದರೂ ನನ್ನದಲ್ಲ, ತಿಪ್ಪೆಯಲ್ಲಿ ಸಿಕ್ಕಿದ್ದು ಅನ್ನಬೇಕು. ಬೇಡವಾದ ಕೂಸು, ಇದನ್ನು ಒಯ್ದು ಏನು ಮಾಡಲಿ ಎಂದು ಜವರಾಯ ಅತ್ತ ಹೋಗಲಿ ಎಂಬ ಆಸೆ. ಹೆಸರೂ ತಿಪ್ಪಣ್ಣ, ತಿಪ್ಪವ್ವ. ದೇವರಿಗೆ ಸತ್ಯ ಗೊತ್ತು, ಸಾವಿಗೆ ಗೊತ್ತಾಗದಿದ್ದರೆ ಸಾಕು.

ಆದರೆ ನಿಜವಾಗಿ ತಿಪ್ಪೆಯ ಮೇಲೆ ಸಿಕ್ಕ ಕೂಸಿಗೂ ಊರವರು ಇಡುತ್ತಿದ್ದುದು ಅದೇ ಹೆಸರು. ಎತ್ತಿಕೊಂಡವಳು ಹೇಳುತ್ತಿದ್ದುದೂ ಅದೇ ಮಾತು.

"ಇದ್ರಾಗ ತಲಿ ಕೆಡಿಸಿಕೊಳ್ಳೂದು ಏನೈತ್ರಿ?" ರುದ್ರವ್ವ ಮನೆಯಲ್ಲಿ ಕಡಲೆಹಿಟ್ಟು ಕಲಸುತ್ತ ಹೇಳಿದಳು. "ದೃಷ್ಟಿ ಆದೀತು ಅಂತ ಹಂಗ ಅಂದಾಳ. ಹಡದಾಕಿ ಅನ್ನದ ಮತ್ತ್ಯಾರು ಅಂತಾರ?"

"ಹಡೀದ ಇದ್ದಾಕಿನೂ ಅಂತಾಳ."

"ಹಡೀದ ಇದ್ದಾಕಿ ಕಲ್ಲಿನ ಪುಟ್ಟಿ ಹೊತ್ತು ಮ್ಯಾಲ ಕೂಸನ್ಯಾಕ ಹೊರತಾಳ್ರಿ?"

"ಗುರುಬಸವ್ವ ನನ್ನ ಹಡದಿದ್ಲೇನು? ಹೊರಲಿಲ್ಲ?"

ರುದ್ರವ್ವನ ಕೈ ಹಿಟ್ಟಿನಲ್ಲೇ ನಿಂತಿತು. ಈ ಮುದುಕಿಯ ಜೊತೆ ವಾದಕ್ಕೆ ಇಳಿದು ಗೆದ್ದ ನೆನಪು ಅವಳಿಗಿರಲಿಲ್ಲ. "ರಕ್ತ ಪರೀಕ್ಷಾ ಮಾಡ್ತಾರಂತಲ್ರಿ ಈಗ" ಎಂದಳು.

"ಮಾಡ್ತಾರ. ಆ ಕಡೆ ಯಾರದರ ರಕ್ತ ಬೇಕಲ್ಲ? ತಾಡಪತ್ರಿದು ತಗೀತಾರೇನು?"

ಹಿರಿಯರ ಹಬ್ಬ ಬಂತು. ರುದ್ರವ್ವ ಹೋಳಿಗೆ ಮಾಡಿದಳು. ಹೊಸ ಸೀರೆಯ ಮಡಿಕೆಯ ಮೇಲೆ ಕುಪ್ಪಸದ ಕಣ, ಬಳೆ, ಎಲೆ ಅಡಿಕೆ. ದೀಪ ಹಚ್ಚಿಯಾಯಿತು. ಪ್ರತಿವರ್ಷ ತಿಪ್ಪವ್ವ ಎಡೆಯ ಮುಂದೆ ನೀರು ಸುತ್ತುಗಟ್ಟಿ "ನನ್ನ ಹಡದವ್ವ ದುರುಗವ್ವ, ಬಂದು ಉಣ್ಣವ್ವ" ಅನ್ನುತ್ತಿದ್ದಳು. ಈ ಸಲ ಕೈಯಲ್ಲಿ ನೀರು ಹಿಡಿದು ಕೂತವಳು ಕೂತೇ ಇದ್ದಳು. ನೀರು ಬೆರಳ ಸಂದಿಯಿಂದ ಇಳಿದು ಹೋಯಿತು, ಮತ್ತೆ ತೆಗೆದುಕೊಂಡಳು, ಅದೂ ಇಳಿದು ಹೋಯಿತು.

"ಹೋಳಿಗಿ ಆರಾಕತ್ಯಾವ್ರಿ ಅತ್ತಿ."

"ಯಾರ್ನ ಕರೀಲಿಬೇ? ದುರುಗವ್ವ ಬೇರೆ, ಪಡದಾಗಿನಾಕಿ ಬೇರೆ ಆಗಿದ್ರ? ಇಷ್ಟು ವರ್ಷ ಉಂಡಾಕಿ ಯಾರು, ಹಸದು ಕುಂತಾಕಿ ಯಾರು?"

ಕೊನೆಗೆ ರುದ್ರವ್ವನೇ ಮುಂದೆ ಬಂದು ನೀರು ಸುತ್ತುಗಟ್ಟಿ, "ಯಾರರ ಇರ್ರಿ, ನಮ್ಮತ್ತಿನ್ನ ಎತ್ತಿ ಆಡಿಸಿದವರು ಎಲ್ಲಾರೂ ಬಂದು ಉಣ್ರಿ. ಹೋಳಿಗಿ ಬೇಕಾದಷ್ಟ ಅದಾವ" ಎಂದು ಹೇಳಿ ಅಡ್ಡಬಿದ್ದಳು. ತಿಪ್ಪವ್ವ ಆ ದಿನ ಉಣ್ಣಲಿಲ್ಲ.

ಅತ್ತ ಪ್ರಯೋಗಾಲಯದಲ್ಲೂ ಗೊಂದಲವೇ. ಸುಲೋಚನಾ ಕನ್ನಡಕ ತೆಗೆದು ಮೇಜಿನ ಮೇಲಿಟ್ಟು ಕಣ್ಣೊತ್ತಿಕೊಂಡರು.

"ನೋಡಿ ಫಕೀರೇಶ, ಆ ಹೆಂಗಸು ಮಗು ತನ್ನದಲ್ಲ ಅಂತಿದಾಳೆ. ಅದು ನಿಜ ಆದ್ರೆ ತಿಪ್ಪವ್ವ ಸಂಬಂಧಿಕರಲ್ಲ. ಸಂಬಂಧಿಕರಲ್ಲದೋರಿಗೆ ನಾವು ಧ್ವನಿ ಕೇಳಿಸ್ಲೇಬಾರದಿತ್ತು. ಕೇಳಿಸದೆ ಇದ್ದಿದ್ರೆ ಸಂಬಂಧಿಕರಲ್ಲ ಅನ್ನೋ ಅನುಮಾನವೇ ಬರ್ತಿರ್ಲಿಲ್ಲ, ಆಗ ಕೇಳಿಸಬಹುದಾಗಿತ್ತು. ನನಗೆ ತಲೆ ಕೆಡ್ತಿದೆ."

"ನಂದು ಕೆಟ್ಟು ಭಾಳ ದಿನಾ ಆತ್ರಿ ಮೇಡಂ" ಎಂದ ಫಕೀರೇಶ.

ಅವನು ಸುಮ್ಮನೆ ಕೂರುವವನಲ್ಲ. ಧಾಟಿ ಒಂದು ಸಿಕ್ಕಿಬಿಟ್ಟರೆ ಎಲ್ಲ ಬಗೆಹರಿಯುತ್ತದೆ. ಕೂಸಿನ ಮೇಲೆ ಆಸೆ ಇಟ್ಟವಳು ಸುಳ್ಳು ಹೇಳುವಾಗ ದನಿ ಎಲ್ಲೋ ಒಂದು ಕಡೆ ಬಾಗಲೇಬೇಕು ಎಂಬುದು ಅವನ ಲೆಕ್ಕ. ಆ ಸೀಮೆಯ ಹೆಂಗಸರ ಮಾತುಗಳನ್ನು ಯಂತ್ರಕ್ಕೆ ಉಣಿಸಿ, ಮಾಸಿದ ಜಾಗವನ್ನು ತುಂಬು ಎಂದ. ತಾಯಿ ನಗುತ್ತ ಹೇಳಿದಂತೆ ತುಂಬು ಎಂದರೆ ನಗುತ್ತ ತುಂಬಿತು. ಅಂಜಿ ಹೇಳಿದಂತೆ ಎಂದರೆ ಅಂಜಿಕೆಯಿಂದ. ಬೇರೆಯವರ ಕೂಸೆಂದು ಬೇಸತ್ತು ಹೇಳಿದಂತೆ ಎಂದರೆ ಅದನ್ನೂ ತಕರಾರಿಲ್ಲದೆ ಮಾಡಿಕೊಟ್ಟಿತು. ಮೂರೂ ಒಂದಕ್ಕಿಂತ ಒಂದು ನಿಜವೆನಿಸುತ್ತಿದ್ದವು. ಫಕೀರೇಶನಿಗೆ ತಾನು ಹುಡುಕುತ್ತಿರುವುದು ಎಲ್ಲಿ ಮುಗಿದು ತಾನು ಹುಟ್ಟಿಸುತ್ತಿರುವುದು ಎಲ್ಲಿ ಶುರುವಾಯಿತು ಎಂಬುದೇ ತಿಳಿಯದೆ ಹೋಯಿತು.

ಆದರೂ ಮೂರನ್ನೂ ತೆಗೆದುಕೊಂಡು ಕ್ಯಾಂಪಿಗೆ ಹೋದ. ರುದ್ರವ್ವನ ಅಂಗಡಿಯ ಬೆಂಚಿನ ಮೇಲೆ ತಿಪ್ಪವ್ವ ಮೆಣಸಿನಕಾಯಿಯ ತೊಟ್ಟು ಮುರಿಯುತ್ತ ಕೂತಿದ್ದಳು. ಫಕೀರೇಶ ಕಿವಿಗೆ ಹಾಕುವ ಯಂತ್ರ ಕೊಟ್ಟ. ಬೇಡ, ಬಯಲಿಗೇ ಹಾಕು ಎಂದಳು. ಎಣ್ಣೆಯಲ್ಲಿ ಮಿರ್ಚಿ ಚುರುಗುಟ್ಟುವ ನಡುವೆ ಆ ಹೆಂಗಸು ಮೂರು ಸಲ ಮೂರು ಬಗೆಯಾಗಿ "ನಂದಲ್ರಿ" ಎಂದಳು.

"ಎರಡನೇದ ಬರೋಬ್ಬರಿ ಐತಿ" ರುದ್ರವ್ವ ಜಾಲರಿ ಸೌಟು ಹಿಡಿದೇ ತೀರ್ಪು ಕೊಟ್ಟಳು. "ನಮ್ಮತ್ತಿ ಅಂಜಿದಾಗ ಹಂಗ ಒದರ್ತಾರ. ಅದನ್ನ ಖಾಯಂ ಮಾಡ್ರಿ."

ತಿಪ್ಪವ್ವ ಫಕೀರೇಶನ ಮುಖ ನೋಡಿದಳು. "ಮೂರರಾಗ ಆಕಿ ಯಾವಾಕಿ ತಮ್ಮಾ?"

ಅವನು ಸುಳ್ಳು ಹೇಳಬಹುದಿತ್ತು. ಹೇಳಿದ್ದರೆ ಮುದುಕಿ ನಂಬುತ್ತಿದ್ದಳು, ಅಂದು ಊಟವನ್ನೂ ಮಾಡುತ್ತಿದ್ದಳು. ಬಾಯಿಯ ತನಕ ಬಂತು. ಆದರೆ ಅವನ ಬಾಯಿಂದ ಹೊರಬಿದ್ದದ್ದು ಬೇರೆ.

"ಯಾರೂ ಅಲ್ಲ ಆಯಿ. ಧಾಟಿ ಮೂರೂ ನಾನು ಯಂತ್ರಕ್ಕ ಹೇಳಿ ಮಾಡಿಸಿದ್ದು. ಆಕಿದು ಅಂದ್ರ ಬರೇ ಮಾತು."

"ಹಂಗಾರ ಅವನ್ನ ತಗದು ಹಾಕು. ನನಗ ಒಬ್ಬಾಕಿ ಯಾರು ಅಂತ ತಿಳೀವಲ್ದು, ಮೂರು ಮಂದಿನ್ನ ಎಲ್ಲಿಡ್ಲಿ?"

ಫಕೀರೇಶ ಅವಳ ಎದುರಿಗೇ ಮೂರನ್ನೂ ಅಳಿಸಿದ. ರುದ್ರವ್ವ ಅವನ ಕೈಗೆ ಒಗ್ಗರಣೆಯ ತಟ್ಟೆ ಕೊಟ್ಟಳು. ಅವನು ತಿನ್ನುವುದನ್ನೇ ನೋಡುತ್ತಿದ್ದ ತಿಪ್ಪವ್ವ ಕೇಳಿದಳು:

"ಮ್ಯೂಸಿಯಮ್ಮಿನಾಗ ಈ ಪಡಾ ಎಷ್ಟು ಸಲ ಹಾಕ್ತೀರಿ?"

"ಇಡೀ ದಿನ ಓಡತಿರತೈತಿ ಆಯಿ. ಮುಗದ ಕೂಡ್ಲೆ ಮತ್ತ ಮೊದಲಿಂದ."

"ಮೊದಲಿಂದ ಅಂದ್ರ, ಆಕಿ ಮತ್ತ ಬಂದು ನಿಂದರ್ತಾಳ?"

"ಹೌದು."

"ಆ ಪೆಟಿಗಿ ಮತ್ತ ಆಕಿನ್ನ ನೋಡತೈತಿ?"

"ಕ್ಯಾಮೆರಾ? ಹಂಗ ಅಂದ್ರೂ ನಡೀತೈತಿ."

"ಮಂದಿ ಭಾಳ ಬರ್ತಾರೇನು?"

"ಸಾವಿರಗಟ್ಲೆ ಬರ್ತಾರ. ಎಲ್ಲಾರೂ ನಿಮ್ಮನ್ನ ನೋಡ್ತಾರ" ಎಂದು ಫಕೀರೇಶ ಹುರುಪು ತುಂಬುವಂತೆ ಹೇಳಿದ. ಕೆಳಗೆ 'ತಾಯಿ ದುರುಗವ್ವ, ಮಗಳು ತಿಪ್ಪವ್ವ' ಎಂದು ಫಲಕ ಹಾಕಬೇಕೆಂಬುದು ಮ್ಯೂಸಿಯಂನವರ ಇಚ್ಛೆ ಎಂದೂ ಹೇಳಿದ. ತಿಪ್ಪವ್ವ ಮೆಣಸಿನಕಾಯಿಯ ಬುಟ್ಟಿಯನ್ನು ಪಕ್ಕಕ್ಕೆ ಸರಿಸಿ, ಮುಖದ ಮೇಲೆ ಸೆರಗು ಎಳೆದುಕೊಂಡು ಕೂತುಬಿಟ್ಟಳು. ಬಿಸಿಲೇನೂ ಇರಲಿಲ್ಲ.

ಕೊನೆಗೆ ಸುಲೋಚನಾ ಒಂದು ತೀರ್ಮಾನಕ್ಕೆ ಬಂದರು. ಯಂತ್ರ ಹೇಳಲಾರದು, ರಕ್ತ ಹೇಳಲಾರದು. ಕಾಯಿದೆ ಕೇಳುವುದು ಬಾಯಿಮಾತನ್ನು. ತಿಪ್ಪವ್ವ ಕ್ಯಾಮೆರಾದ ಮುಂದೆ ಏನು ಹೇಳುತ್ತಾಳೋ ಅದನ್ನೇ ಸತ್ಯವೆಂದು ಒಪ್ಪುವುದು. ತಾಯಿ ಎಂದು ಒಂದು ಮಾತು ಹೇಳಿದರೆ ಸಾಕು, ದನಿ ಅವಳದು. ರುದ್ರವ್ವ ಇದನ್ನು ಬಸ್ಸಿನುದ್ದಕ್ಕೂ ಅತ್ತೆಗೆ ಉರು ಹೊಡೆಸಿದಳು. "ನಮ್ಮವ್ವ ಅಂದ್ರ ಮುಗೀತ್ರಿ. ಹೆಚ್ಚಿಗಿ ಮಾತಾಡಬ್ಯಾಡ್ರಿ. ಆ ದನೀನ ಮನಿಗೆ ತಂದು ದೇವರ ಜಗಲಿ ಮ್ಯಾಲ ಇಟ್ಟು ಬಿಡೂಣು. ನಿಮಗ ಬೇಕಾದಾಗ ಕೇಳ್ರಿ." ತಿಪ್ಪವ್ವ ಕಿಟಕಿಯಾಚೆ ನೋಡುತ್ತ ಹೂಂಗುಟ್ಟುತ್ತಿದ್ದಳು.

ಕೋಣೆಯಲ್ಲಿ ಅವಳನ್ನು ಕುರ್ಚಿಯ ಮೇಲೆ ಕೂರಿಸಿದರು. ಎದುರಿಗೆ ಮೂರು ಕಾಲಿನ ಮೇಲೆ ಒಂದು ಕ್ಯಾಮೆರಾ, ಅದರ ನೆತ್ತಿಯಲ್ಲಿ ಕೆಂಪು ದೀಪ. ಪಕ್ಕದ ಪರದೆಯ ಮೇಲೆ ಆ ಹೆಂಗಸು ಪುಟ್ಟಿ ಹೊತ್ತು ನಿಂತಿದ್ದಳು. ಅವಳ ಸೊಂಟದ ಮೇಲಿನ ಕೂಸು ಹಾಗೂ ಕುರ್ಚಿಯ ಮೇಲಿನ ಮುದುಕಿ ಇಬ್ಬರೂ ಒಂದೇ ಜೀವ ಎಂಬುದು ಅಲ್ಲಿದ್ದವರಿಗೆಲ್ಲ ಗೊತ್ತಿತ್ತು. ಮಿಕ್ಕದ್ದು ಯಾವುದೂ ಯಾರಿಗೂ ಗೊತ್ತಿರಲಿಲ್ಲ.

"ಅಜ್ಜಿ, ಆ ಪರದೆ ಮೇಲಿರೋರು ನಿಮಗೆ ಏನಾಗಬೇಕು?" ಸುಲೋಚನಾ ಕೇಳಿದರು.

ತಿಪ್ಪವ್ವ ಹೆಂಗಸನ್ನು ನೋಡಿದಳು. ರುದ್ರವ್ವ ಮೂಲೆಯಲ್ಲಿ ನಿಂತು ತುಟಿಯಲ್ಲೇ "ನಮ್ಮವ್ವ, ನಮ್ಮವ್ವ" ಎಂದು ಹೇಳಿಕೊಡುತ್ತಿದ್ದಳು. ತಿಪ್ಪವ್ವ ಕ್ಯಾಮೆರಾದ ಕಡೆ ತಿರುಗಿದಳು. ಅದರ ಕಪ್ಪು ಗಾಜಿನೊಳಗೆ ಏನೋ ಹುಡುಕುವಂತೆ ಒಂದಿಷ್ಟು ಬಾಗಿದಳು.

"ಏನೂ ಆಗಬೇಕಿಲ್ರಿ" ಎಂದಳು.

"ಅಂದ್ರೆ?"

"ಆಕಿ ನಮ್ಮವ್ವ ಅಲ್ರಿ."

ರುದ್ರವ್ವ ಹಣೆ ಬಡಿದುಕೊಂಡ ಸದ್ದು ಕೇಳಿಸಿತು. ಸುಲೋಚನಾ ಗಾಬರಿಯಾಗಿ ಹತ್ತಿರ ಬಂದರು. "ಅಜ್ಜಿ, ಸ್ವಲ್ಪ ಯೋಚನೆ ಮಾಡಿ. ಹೀಗಂದ್ರೆ ಈ ಧ್ವನಿ ನಿಮಗೆ ಸಿಗಲ್ಲ. ಇನ್ನೊಂದೇ ಒಂದು ಸಲ ಕೇಳ್ತೀನಿ ಅಂದ್ರೂ ಕೇಳಿಸೋಕಾಗಲ್ಲ. ಮುದ್ರೆ ಹಾಕಿಬಿಡ್ತೀವಿ. ಯಾರೂ ತೆಗೆಯೋ ಹಾಗಿಲ್ಲ."

"ಹಾಕ್ರಿ ಅಕ್ಕಾರ" ಎಂದಳು ತಿಪ್ಪವ್ವ. "ಭದ್ರ ಹಾಕ್ರಿ."

ಫಕೀರೇಶ ಮುದ್ರೆ ಹಾಕಿದ. ಹಾಕುವಾಗ ಅವನಿಗೆ, ಈ ಯಂತ್ರವನ್ನು ತಾನು ಮುಟ್ಟದಿದ್ದರೆ ಈ ಮುದುಕಿ ತನ್ನ ತಾಯಿಯನ್ನು ಇಟ್ಟುಕೊಂಡು ಸುಖವಾಗಿ ಕಣ್ಣು ಮುಚ್ಚುತ್ತಿದ್ದಳಲ್ಲ ಎನಿಸಿತು. ಆ ಹೆಂಗಸಿನ ಮಾತನ್ನು ಇವಳು ನಂಬಿಬಿಟ್ಟಳು ಎಂದುಕೊಂಡ. ಅವಳ ಮುಖದಲ್ಲಿ ದುಃಖ ಹುಡುಕಿದ. ಇತ್ತು. ಆದರೆ ನೆಮ್ಮದಿಯೂ ಇದ್ದಂತೆ ಕಂಡಿತು. ಅದು ಯಾಕೆಂದು ತಿಳಿಯಲಿಲ್ಲ. ಬಸ್ಸಿನ ತನಕ ಬಿಟ್ಟು ಬರುತ್ತೇನೆಂದು ಅವರ ಚೀಲ ಎತ್ತಿಕೊಂಡ.

ಅತ್ತೆ ಸೊಸೆ ಮುಂದೆ ನಡೆದರು. ಮೆಟ್ಟಿಲು ಇಳಿಯುವ ತನಕ ತಡೆದುಕೊಂಡಿದ್ದ ರುದ್ರವ್ವ ಅಂಗಳಕ್ಕೆ ಬಂದದ್ದೇ ಬಾಯಿ ತೆಗೆದಳು.

"ಏನು ಬುದ್ಧಿ ಬಂತ್ರಿ ನಿಮಗ! ಇಡೀ ಜನ್ಮಾ ಅವ್ವಾ ಅವ್ವಾ ಅಂತ ಕನವರಿಸಿ, ಕೈಗೆ ಸಿಕ್ಕಾಗ ಅಲ್ಲ ಅಂದು ಬಂದ್ರೆಲ್ಲ! ನಿಮಗ ಖರೇನ ಆಕಿ ನಿಮ್ಮವ್ವ ಅಲ್ಲ ಅಂತ ಅನಿಸ್ತೇನು?"

"ಗೊತ್ತಿಲ್ಲಬೇ" ತಿಪ್ಪವ್ವ ದಣಿದು ಸೊಸೆಯ ತೋಳು ಹಿಡಿದಳು. "ಆದ್ರ ಆ ಪಡದಾಗ ನೋಡು, ಕೂಸು ಇನ್ನಾ ಸಣ್ಣದೈತಿ. ನಾ ಇಲ್ಲಿ ಮುದುಕಿ ಆಗೀನಿ, ಅಲ್ಲಿ ಆಗಿಲ್ಲ. ದಿನಾ ಆಕಿ ಬಂದು ನಿಂದರ್ತಾಳ, ದಿನಾ ಆ ಪೆಟಿಗಿ ನೋಡತೈತಿ, ಸಾವಿರ ಮಂದಿ ನೋಡ್ತಾರ. ಕೇಳಿದ್ರೂ ಕೇಳದಿದ್ರೂ ಆಕಿ ದಿನಾ ನಂದಲ್ಲ ಅಂತಾಳ. ಆಕಿ ಹಡದಾಕಿ ಆಗಿದ್ರ, ಆ ಕೂಸಿನ ಜೀವಾ ಇರೂದು ಆ ಮಾತಿನ ಮ್ಯಾಲ. ನಾ ಇಲ್ಲಿ ಕುಂತು ಹೌದು ಅಂದು, ಕೆಳಗ ಬೋರ್ಡು ಬರಸಿದ್ರ, ಆಕಿ ಮುಚ್ಚಿಟ್ಟದ್ದನ್ನ ನಾನ ಜವರಾಯಗ ಬಿಚ್ಚಿ ಕೊಟ್ಟಂಗಲ್ಲ?"

"ಹಡದಾಕಿ ಅಲ್ಲದಿದ್ರ?"

"ಅಲ್ಲದಿದ್ರ ನಾ ಅಂದದ್ದು ಖರೇನ ಆತು. ಎತ್ತಿಕೊಂಡು ಹೊತ್ತಾಳ, ಆಕಿ ಮಾತು ಸುಳ್ಳು ಮಾಡೂದು ಬ್ಯಾಡ. ಯಾವ ಕಡೆಯಿಂದ ನೋಡಿದ್ರೂ ಅಲ್ಲ ಅನ್ನೂದ ಬರೋಬ್ಬರಿ."

ರುದ್ರವ್ವ ನಿಂತಲ್ಲೇ ಇದನ್ನು ಒಂದು ಸಲ ಮುಂದಿನಿಂದ, ಒಂದು ಸಲ ಹಿಂದಿನಿಂದ ತೂಗಿ ನೋಡಿದಳು. ಆಮೇಲೆ ಅವಳ ಕಣ್ಣು ತೇವವಾದವು. ಜೊತೆಗೆ ದನಿಯೂ ಏರಿತು.

"ಅಂದ್ರ ಆಕಿ ನಿಮ್ಮವ್ವನ ಹೌದು ಅಂತ ನಿಮ್ಮ ಮನಸಿನ್ಯಾಗ..."

ಮುದುಕಿಯ ಅಂಗೈ ಬಂದು ಅವಳ ಬಾಯಿ ಮುಚ್ಚಿತು. ಅಷ್ಟು ಚುರುಕು ಆ ಕೈಯಲ್ಲಿ ಇನ್ನೂ ಉಳಿದಿದೆ ಎಂದು ರುದ್ರವ್ವನಿಗೆ ಗೊತ್ತಿರಲಿಲ್ಲ. ತಿಪ್ಪವ್ವ ಕಣ್ಣಿನಿಂದಲೇ ಮೇಲೆ ತೋರಿಸಿದಳು. ಗೇಟಿನ ಕಂಬದ ತುದಿಯಲ್ಲಿ ಕಾವಲಿನ ಕ್ಯಾಮೆರಾವೊಂದು ಕತ್ತು ಬಗ್ಗಿಸಿ ಅಂಗಳವನ್ನೇ ನೋಡುತ್ತಿತ್ತು.

"ಯಾರೋ ಏನೋ! ನಮಗೇನು ಗೊತ್ತು!" ತಿಪ್ಪವ್ವ ಅದಕ್ಕೆ ಕೇಳಿಸುವಂತೆ ಗಟ್ಟಿಯಾಗಿ ಹೇಳಿ, ಸೊಸೆಯನ್ನು ದರದರ ಎಳೆದುಕೊಂಡು ಗೇಟು ದಾಟಿದಳು.

ಹಿಂದೆ ಚೀಲ ಹಿಡಿದು ಬರುತ್ತಿದ್ದ ಫಕೀರೇಶನಿಗೆ ಕೇಳಿಸಿದ್ದು ಅದೊಂದೇ ಮಾತು. ಅಂಗಳದಲ್ಲಿ ಬೇರೆ ಯಾರೂ ಇರಲಿಲ್ಲ. ಆಕೆ ಯಾರಿಗೆ ಹೇಳಿದಳೆಂದು ತಿಳಿಯದೆ ಅವನು ನಿಂತು ಸುತ್ತಲೂ ನೋಡಿದ.